ಸಿಂಕಿನ ಕೆಳಗಿನ ಎರಡು ಬಕೆಟ್

ಮೂವತ್ತು ವರ್ಷ ಗಣಿತ ಹೇಳಿಕೊಟ್ಟವನು ನಾನು. ಉತ್ತರ ಸರಿಯಿದ್ದರೂ ದಾರಿ ತಪ್ಪಿದ್ದರೆ ಸೊನ್ನೆ ಕೊಡುತ್ತಿದ್ದೆ. ಯಾರ ಮುಲಾಜೂ ಇರಲಿಲ್ಲ.

ನಮ್ಮ ಓಣಿಯ ಹತ್ತು ಮನೆಗೂ ಒಂದೇ ಟ್ಯಾಂಕು. ಕೊನೆಯ ಮನೆ ನನ್ನ ಅಕ್ಕನದು. ಅಲ್ಲಿಗೆ ಮುಟ್ಟುವಷ್ಟರಲ್ಲಿ ನೀರು ಖಾಲಿ. ಮಂಡಿನೋವಿನ ಅಕ್ಕ ದಿನಾ ನಮ್ಮ ನಲ್ಲಿಯಿಂದ ಎರಡು ಬಕೆಟ್ ಒಯ್ಯುತ್ತಿದ್ದಳು. ಇದನ್ನು ತಪ್ಪಿಸಲೇಬೇಕು ಎಂದುಕೊಂಡೆ.

ಪಾತ್ರೆ ತೊಳೆಯುವ ಯಂತ್ರ ತಂದೆ. ಕೈಯಲ್ಲಿ ತೊಳೆದರೆ ದಿನಕ್ಕೆ ಅರವತ್ತು ಲೀಟರ್, ಯಂತ್ರಕ್ಕೆ ಹನ್ನೆರಡು. ಉಳಿತಾಯ ನಲವತ್ತೆಂಟು. ಹತ್ತೂ ಮನೆಯವರು ತಂದರೆ ಅಕ್ಕನ ನಲ್ಲಿಗೆ ನೀರು ಬರಲೇಬೇಕು.

"ಭಾನುವಾರ ನಮ್ಮನೆ ನೀರಿನ ಮೀಟರ್ ತೋರಿಸ್ತೀನಿ, ನೋಡ್ತಾ ಇರಿ" ಎಂದು ಓಣಿಯವರೆದುರು ಎದೆ ತಟ್ಟಿಕೊಂಡೆ.

ಎರಡು ದಿನ ಬಿಟ್ಟು ನೋಡಿದರೆ ಮೀಟರ್ ತೋರಿಸಿದ್ದು ದಿನಕ್ಕೆ ಎಂಟೇ ಲೀಟರ್ ಉಳಿತಾಯ. ಪ್ಲಂಬರ್ ಬಂದು ಜಾಲಾಡಿ, ಎಲ್ಲೂ ಸೋರುತ್ತಿಲ್ಲ ಎಂದ. ಕೊರತೆ ನಲವತ್ತು. ಅಂದರೆ ಇಪ್ಪತ್ತು ಲೀಟರಿನ ಬಕೆಟ್ ಎರಡು. ಥಟ್ಟನೆ ಹೊಳೆಯಿತು.

"ಅಕ್ಕಾ, ಭಾನುವಾರದ ತನಕ ನೀರು ಬೇರೆ ಕಡೆ ತಗೋತೀಯಾ? ನನ್ನ ಲೆಕ್ಕ ಕೆಡ್ತಿದೆ."

ಅಕ್ಕ ಖಾಲಿ ಬಕೆಟ್ ಎತ್ತಿಕೊಂಡು ಹೋದಳು. ಮರುದಿನ ಸಂಜೆ ಮೀಟರ್ ನೋಡಿದರೆ ಕರಾರುವಾಕ್ಕಾಗಿ ನಲವತ್ತೆಂಟು! ನಾನು ಕುಣಿಯುವುದೊಂದು ಬಾಕಿ.

ಹೆಂಡತಿ ನಗಲಿಲ್ಲ. "ಯಂತ್ರ ಬರೋಕೆ ಮುಂಚೇನೂ ಅಕ್ಕ ನೀರು ಒಯ್ತಿದ್ರಲ್ಲ ರೀ? ಆಗಿನ ಲೆಕ್ಕದಲ್ಲೂ ಅದು ಸೇರಿತ್ತಲ್ಲ? ಬನ್ನಿ ಇಲ್ಲಿ."

ಅವಳು ಸಿಂಕಿನ ಕೆಳಗಿನ ಪೈಪು ಬಿಚ್ಚಿ ಬಕೆಟ್ ಇಟ್ಟಿದ್ದಳು. ನಾನು ಪಾತ್ರೆ ಜೋಡಿಸಿದಾಗ ಬೆಳಗ್ಗೆ ಒಂದು ತುಂಬಿತ್ತು, ಸಂಜೆ ಇನ್ನೊಂದು. ಜೋಡಿಸುವುದು ನನ್ನದೇ ಕೆಲಸ. ಬೇರೆ ಯಾರನ್ನೂ ಹತ್ತಿರ ಬಿಡುತ್ತಿರಲಿಲ್ಲ. ಹೊಸ ಯಂತ್ರ ಗಲೀಜಾಗಬಾರದೆಂದು ಒಂದೊಂದು ತಟ್ಟೆಯನ್ನೂ ನಲ್ಲಿ ಬಿಟ್ಟು ಫಳಫಳ ತೊಳೆದೇ ಒಳಗಿಡುತ್ತಿದ್ದೆ. ಕೊರತೆಯ ನಲವತ್ತು ಹೋಗಿದ್ದು ಇಲ್ಲಿ; ಅಕ್ಕನ ನಲವತ್ತು ನಿಂತದ್ದಕ್ಕೆ ಲೆಕ್ಕ ಕೂಡಿದಂತೆ ಕಂಡಿತ್ತು, ಅಷ್ಟೇ.

ನಾಚಿಕೆಯಿಂದ ಕುಗ್ಗಿಹೋದೆ. ಆದರೂ ಯಂತ್ರದ ಲೆಕ್ಕ ಸರಿಯೇ. ಸೊನ್ನೆ ನನಗೊಬ್ಬನಿಗೆ.

ಬೇರೆ ಎರಡು ಬಕೆಟ್ ಒಳ್ಳೆಯ ನೀರು ತುಂಬಿಸಿ ಒಂದೊಂದಾಗಿ ಅಕ್ಕನ ಬಾಗಿಲಿಗೆ ಹೊತ್ತೊಯ್ದೆ. ತೋಳು ಬಿದ್ದುಹೋಗುವಷ್ಟು ಭಾರ. ಇದನ್ನು ಅವಳು ದಿನಾ ಹೊತ್ತಿದ್ದಳು.

"ಲೆಕ್ಕ ಕೂಡ್ತಾ ಮೇಷ್ಟ್ರೇ?" ಎಂದಳು ಅಕ್ಕ.

"ಕೂಡ್ತು. ನೀರು ಪೋಲು ಮಾಡಿದ್ದು ನಾನೇ ಅಕ್ಕಾ. ತಟ್ಟೆ ತೊಳೆದು ಆಮೇಲೆ ಯಂತ್ರಕ್ಕೆ ಹಾಕ್ತಿದ್ದೆ. ಭಾನುವಾರ ಎಲ್ಲರ ಮುಂದೆ ಹೇಳ್ತೀನಿ. ಅವರೆಲ್ಲರ ಮನೆಗೂ ಯಂತ್ರ ತರಿಸ್ತೀನಿ."

ಅವಳು ಒಂದು ಬಕೆಟ್ ಒಳಗೆಳೆದುಕೊಂಡಳು. ಇನ್ನೊಂದನ್ನು ನನ್ನ ಕಡೆ ತಳ್ಳಿದಳು.

"ಇದು ನಿಂಗಿರಲಿ. ತಟ್ಟೆ ತೊಳೆಯೋಕೆ ಬೇಕಾಗುತ್ತೆ."