ಕೂದಲೆಳೆಯ ದಾರಿ

ಒಂದು ಊರು. ಆ ಊರಿನಲ್ಲಿ, ಜನ್ಮದಲ್ಲಿ ಒಂದು ಗುಡ್ಡವನ್ನೂ ಹತ್ತದೆ ಸಾವಿರ ಬೆಟ್ಟ ಬರೆದವನೊಬ್ಬನಿದ್ದನಂತೆ. ದೇಶದ ಸೈನಿಕರೆಲ್ಲ ಅವನ ಗೆರೆ ನೋಡಿಕೊಂಡೇ ಬೆಟ್ಟ ಹತ್ತುತ್ತಿದ್ದರಂತೆ, ಇಳಿಯುತ್ತಿದ್ದರಂತೆ. ಅವನಿಗೊಬ್ಬಳೇ ಮಗಳು. ಅವಳೀಗ, ಬೆಳಿಗ್ಗೆ ಒಂಬತ್ತು ಗಂಟೆಗೆ, ಅವನು ತೀರಿಕೊಂಡು ಇನ್ನೂ ಒಂದು ದಿನ ತುಂಬುವ ಮೊದಲೇ, ಅವನ ಬೀರುವಿನೊಳಗೆ ತಲೆ ತೂರಿಸಿ ಒಂದೊಂದೇ ಅಂಗಿಯ ಜೇಬು ತಡಕುತ್ತಿದ್ದಳು.

"ಏನೇ ಹುಡುಕ್ತಿದೀಯ?" ಬಾಗಿಲಲ್ಲಿ ಅತ್ತೆ, ತೀರಿಕೊಂಡವನ ಅಕ್ಕ. "ಹೊರಗೆ ಜನ ಬಂದು ಕೂತಿದಾರೆ."

"ಒಂದು ಕಾಗದ ಅತ್ತೆ."

"ಕಾಗದ ನಾಳೆ ಸಿಗುತ್ತೆ. ನಿಮ್ಮಪ್ಪ ನಾಳೆ ಸಿಗಲ್ಲ. ಬಂದು ಪಕ್ಕದಲ್ಲಿ ಕೂತ್ಕೋ."

"ಇವತ್ತು ಸಂಜೆ ಆದ್ರೆ ಆ ಕಾಗದಾನೂ ಸತ್ತ ಹಾಗೆ."

ಅತ್ತೆ ಹಣೆ ಒತ್ತಿಕೊಂಡು ಹೋದಳು. ಕಾಗದ ಕೊನೆಗೆ ಚಳಿಗಾಲದ ಕೋಟಿನ ಒಳಜೇಬಿನಲ್ಲಿ ಸಿಕ್ಕಿತು. ನಕ್ಷೆ ಕಚೇರಿಯ ತಿದ್ದುಪಡಿ ಅರ್ಜಿ. ಕೆಳಗೆ ಎರಡು ಚೌಕ. 'ಬರೆದವರು' ಎಂಬ ಚೌಕದಲ್ಲಿ ಅಪ್ಪನ ಸಹಿ ಇತ್ತು. ಜೀವಮಾನವೆಲ್ಲ ಗೆರೆ ಎಳೆದ ಕೈ ಕೊನೆಗೆ ತನ್ನ ಹೆಸರನ್ನು ಚೌಕದೊಳಗೆ ನಿಲ್ಲಿಸಲಾರದೆ ಹೊರಗೆ ಜಾರಿತ್ತು. 'ಪರೀಕ್ಷಿಸಿದವರು' ಎಂಬ ಚೌಕ ಖಾಲಿ.

ಸತ್ತವರ ಸಹಿಗೆ ಬೆಲೆಯಿಲ್ಲ ಎಂಬುದು ಆ ಕಚೇರಿಯ ಕಾನೂನು. ಆದರೆ ಕಚೇರಿಯ ಮಟ್ಟಿಗೆ ಅಪ್ಪ ಇನ್ನೂ ಸತ್ತಿರಲಿಲ್ಲ. ಮಣ್ಣಾದ ಮೇಲೆ ಸ್ಮಶಾನದ ಗುಮಾಸ್ತ ಹೆಸರು ದಾಖಲಿಸುತ್ತಾನೆ. ಅದು ಪಿಂಚಣಿ ವಿಭಾಗಕ್ಕೆ ಹೋಗುತ್ತದೆ. ಅಲ್ಲಿ ಅಪ್ಪನ ಸಂಖ್ಯೆ ಮುಚ್ಚುತ್ತದೆ, ಅದರೊಂದಿಗೆ ಸಹಿಯೂ ಸಾಯುತ್ತದೆ. ಅಲ್ಲಿಯವರೆಗೆ, ಒಳಕೋಣೆಯಲ್ಲಿ ಬಿಳಿ ಬಟ್ಟೆ ಹೊದ್ದು ಮಲಗಿದ್ದ ಅಪ್ಪ, ದಾಖಲೆಯಲ್ಲಿ ಬದುಕಿದ್ದರು.

*

ಹನ್ನೆರಡು ದಿನದ ಹಿಂದೆ ಅಪ್ಪ ದಿಂಬಿಗೆ ಒರಗಿ ಕೂತು ಹೇಳಿದ್ದರು. ಉಸಿರು ಸಾಲದೆ, ನಡುನಡುವೆ ನಿಂತು.

ಇಪ್ಪತ್ತು ವರ್ಷದ ಹಿಂದಿನ ಮಾತು. ವಿಮಾನದಿಂದ ತೆಗೆದ ಎರಡು ಫೋಟೊಗಳನ್ನು ಅಕ್ಕಪಕ್ಕ ಇಟ್ಟು ಜೋಡಿ ಮಸೂರದಲ್ಲಿ ನೋಡಿದರೆ ಬೆಟ್ಟ ಎದ್ದು ನಿಲ್ಲುತ್ತದೆ. ಕೆಳಗಿಂದ ಬೆಳಕು ಬರುವ ಮೇಜಿನ ಮೇಲೆ, ಆ ಫೋಟೊದ ಮೇಲೊಂದು ತೆಳು ಹಾಳೆ ಹಾಸಿ, ಕಂಡದ್ದನ್ನೆಲ್ಲ ಮಸಿಯಲ್ಲಿ ಎಳೆಯಬೇಕು. ತೊರೆಗೆ ನೀಲಿ, ಕಾಲುದಾರಿಗೆ ಕಪ್ಪು. ಗಡಿಯ ಒಂದು ಕಡಿದಾದ ಬೆಟ್ಟದಲ್ಲಿ ಅಪ್ಪನಿಗೊಂದು ಸಣ್ಣ ಕಾಲುದಾರಿ ಕಂಡಿತು. ಬುಡದ ಬಯಲಿಂದ ಹೊರಟು, ಎರಡು ಕಡೆ ಬಳುಕಿ, ಪ್ರಪಾತದ ಅಂಚಿಗೆ ಹೋಗಿ ಮಾಯವಾಗುತ್ತಿತ್ತು. ಎಳೆದರು. ಹಾಳೆ ಪರೀಕ್ಷೆಯಾಯಿತು, ಅಚ್ಚಾಯಿತು, ಪೆಟ್ಟಿಗೆಗಳಲ್ಲಿ ತುಂಬಿ ಹೋಯಿತು.

ಎರಡು ತಿಂಗಳ ಮೇಲೆ ಫೋಟೊಗಳನ್ನು ಒರೆಸಿ ಎತ್ತಿಡುವಾಗ, ಆ ದಾರಿ ಅವರ ಬೆರಳಿಗೆ ಅಂಟಿಕೊಂಡು ಬಂದುಬಿಟ್ಟಿತು.

"ಕೂದಲು ಕಣೇ," ಎಂದಿದ್ದರು ಅಪ್ಪ. "ನಿಮ್ಮಮ್ಮನ ತಲೆಗೂದಲು. ನನ್ನ ತೋಳಿಗೆ ಅಂಟಿ ಬಂದು ಅಲ್ಲಿ ಬಿದ್ದಿತ್ತು. ಅದರ ಮೇಲೇ ಮಸಿ ಎಳೆದುಬಿಟ್ಟಿದ್ದೆ."

ಅಂದೇ ಅರ್ಜಿ ಬರೆದರು. ಮುಂದಿನ ಮುದ್ರಣದಲ್ಲಿ ಪರಿಶೀಲಿಸಲಾಗುವುದು ಎಂದು ಉತ್ತರ ಬಂತು. ಮುಂದಿನ ಮುದ್ರಣ ಬರಲೇ ಇಲ್ಲ. ಬೆಳಕಿನ ಮೇಜುಗಳು ಉಗ್ರಾಣ ಸೇರಿದವು, ಕಾಗದದ ಕಾಲ ಮುಗಿಯಿತು. ಆದರೆ ಅಷ್ಟು ಬೆಟ್ಟಗಳನ್ನು ಹೊಸದಾಗಿ ಅಳೆಯಲು ಯಾರಿಗೂ ಪುರುಸೊತ್ತಿರಲಿಲ್ಲ; ಹಳೆಯ ಹಾಳೆಗಳನ್ನೇ ಯಂತ್ರಕ್ಕೆ ಉಣಿಸಿದರು. ಅಮ್ಮ ತೀರಿಕೊಂಡು ಆರು ವರ್ಷವಾದರೂ ಅವಳ ಕೂದಲು ಸೈನ್ಯದ ಕಂಪ್ಯೂಟರ್ ತೆರೆಗಳ ಮೇಲೆ ಬೆಟ್ಟ ಹತ್ತುತ್ತಲೇ ಇತ್ತು.

"ಯಾರಾದ್ರೂ ಅದರ ಮೇಲೆ ನಡೆದ್ರಾ ಅಪ್ಪ?"

"ಗೊತ್ತಿಲ್ಲ. ಗೊತ್ತಾಗದೇ ಇರೋದೇ..." ಎಂದು ಅಪ್ಪ ಮಾತು ಬಿಟ್ಟು, ಸ್ವಲ್ಪ ಹೊತ್ತು ಹೊದಿಕೆಯ ಮಡಿಕೆಯನ್ನು ಬೆರಳಿಂದ ಸವರುತ್ತಿದ್ದರು. "ನನ್ನನ್ನ ಮಣ್ಣೊಳಗಿಡೋ ಮುಂಚೆ ಅದನ್ನ ತೆಗೆಸಿಬಿಡ್ತೀಯಾ?"

ತೆಗೆಸ್ತೀನಿ ಎಂದು ಅವಳು ಮಾತು ಕೊಟ್ಟಳು. ಔಷಧಿ ಅಂಗಡಿಯಲ್ಲಿ ಚೀಟಿ ನೋಡಿ ಮಾತ್ರೆ ಕೊಡುವುದು ಅವಳ ಕೆಲಸ. ಒಂದು ಗೆರೆ ಅಳಿಸುವುದು ಎಷ್ಟರ ಮಾತು ಎಂದುಕೊಂಡಿದ್ದಳು.

*

ಅಂಗಳದ ಕುರ್ಚಿಗಳಲ್ಲಿ ನಕ್ಷೆ ಕಚೇರಿಯ ನಿವೃತ್ತರು ಸಾಲಾಗಿ ಕೂತಿದ್ದರು.

"ನಮ್ಮ ಗೆರೆ ಮೇಷ್ಟ್ರಿಗೆ ರಸ್ತೆ ದಾಟೋಕೆ ಭಯ," ಎನ್ನುತ್ತಿದ್ದ ಅಚ್ಚಿನ ಮನೆಯವನು. "ನನ್ನ ತೋಳು ಹಿಡ್ಕೊಂಡೇ ದಾಟ್ತಿದ್ದ. ಅವನು ಬರೆದ ರಸ್ತೆ ಮೇಲೆ ಮಾತ್ರ ಟ್ಯಾಂಕು ಓಡಾಡ್ತಿತ್ತು."

"ನಿನ್ನ ತೋಳು ಹಿಡಿದಿದ್ದು ನೀನು ಬೀಳ್ತೀಯ ಅಂತ ಕಣಯ್ಯ," ಎಂದ ಉಗ್ರಾಣದವನು. ಇಬ್ಬರೂ ನಕ್ಕು, ಎಲ್ಲಿ ಕೂತಿದ್ದೇವೆಂದು ನೆನಪಾಗಿ ನೆಲ ನೋಡಿದರು.

ಗೇಟಿನ ಪಕ್ಕದ ಕೊನೆಯ ಕುರ್ಚಿಯಲ್ಲಿ, ಈಗಲೇ ಎದ್ದು ಹೋಗುವವರ ಹಾಗೆ ಕೂತಿದ್ದರು ಭೂತಗನ್ನಡಿ ಮಾಮ. ಅಪ್ಪನ ಹಾಳೆಗಳನ್ನೆಲ್ಲ ಪರೀಕ್ಷಿಸುತ್ತಿದ್ದವರು. ಅಕ್ಕಿಕಾಳಿನಷ್ಟು ತಪ್ಪನ್ನೂ ಹಿಡಿಯುವವರೆಂದು ಕಚೇರಿಯೇ ಇಟ್ಟ ಹೆಸರದು. ಒಂದು ಕಾಲಕ್ಕೆ ಅವಳನ್ನು ಹೆಗಲ ಮೇಲೆ ಕೂರಿಸಿಕೊಂಡು ಓಡಾಡಿದವರು, ಅಪ್ಪ ಮೊದಲ ಅರ್ಜಿ ಬರೆದ ದಿನದಿಂದ ಈ ಮನೆಯ ಕಡೆ ತಲೆ ಹಾಕಿರಲಿಲ್ಲ.

ಅವಳು ಪಕ್ಕದ ಕುರ್ಚಿ ಎಳೆದುಕೊಂಡು ಕಾಗದ ತೊಡೆಯ ಮೇಲಿಟ್ಟುಕೊಂಡಳು.

"ಮಾಮ, ಇದೊಂದು ಸಹಿ."

ಅವರು ಕಾಗದ ನೋಡಲಿಲ್ಲ. "ಇವತ್ತಿನ ದಿನಾನೂ ಇದೇನಾ?"

"ಇವತ್ತು ಬಿಟ್ರೆ ಇನ್ನಿಲ್ಲ."

"ಮೂವತ್ನಾಲ್ಕು ವರ್ಷ. ನನ್ನ ಸಹಿ ಬಿದ್ದ ಒಂದು ಹಾಳೆ ವಾಪಸ್ ಬಂದಿಲ್ಲ. ನಿವೃತ್ತಿ ದಿನ ಅದನ್ನೇ ಬರೆದು, ಗಾಜು ಹಾಕಿ ಕೊಟ್ಟಿದಾರೆ. ನಡುಮನೇಲಿದೆ. ಮೊಮ್ಮಕ್ಕಳು ಓದ್ತಾರೆ."

"ಅಪ್ಪ ಇಪ್ಪತ್ತೆರಡು ಅರ್ಜಿ ಬರೆದ್ರು ಮಾಮ. ಒಂದ್ರಲ್ಲೂ ನಿಮ್ಮ ತಪ್ಪು ಅಂತ ಬರೀಲಿಲ್ಲ."

"ಬರೀಬೇಕಿತ್ತು. ಬೈದಿದ್ರೆ ಜಗಳ ಆಡ್ಬಹುದಿತ್ತು. ಆಮೇಲೆ ರಾಜಿ ಆಗ್ಬಹುದಿತ್ತು."

ಆಗ ಕಚೇರಿಯ ತೆರೆ ವಿಭಾಗದ ಹುಡುಗಿ ಕತ್ತಿನ ಗುರುತಿನ ಚೀಟಿಯನ್ನು ಮುಷ್ಟಿಯಲ್ಲಿ ಮುಚ್ಚಿಕೊಂಡು ಹತ್ತಿರ ಬಂದಳು. ಮೂರು ವಾರದ ಹಿಂದೆ, ಈ ದಾರಿ ಎಲ್ಲಿಗೆ ಹೋಗುತ್ತೆ ಸಾರ್ ಎಂದು ಕೇಳಿಕೊಂಡು ಬಂದು, ಅಪ್ಪನನ್ನು ಹಾಸಿಗೆಗೆ ಕೆಡವಿದವಳು ಅವಳೇ.

"ನಿಮ್ಮ ತೆರೇಲಿ ನೀವೇ ಅಳಿಸಿಕೊಳ್ಳಮ್ಮ," ಎಂದರು ಮಾಮ. "ಮೇಲೊಂದು ಉಪಗ್ರಹದ ಕಣ್ಣು ಸುತ್ತುತ್ತಲ್ಲ, ಅದನ್ನ ಕೇಳಿ."

"ಆ ಕಣಿವೆ ಯಾವಾಗ್ಲೂ ನೆರಳಲ್ಲೇ ಇರುತ್ತೆ ಸಾರ್, ಮೇಲಿಂದ ಏನೂ ಕಾಣಲ್ಲ. ಹೊಸ ಗೆರೆ ಹಾಕೋಕೆ ಒಬ್ಬರ ಸಹಿ ಸಾಕು, ಇದ್ದದ್ದು ತೆಗೆಯೋಕೆ ಬರೆದೋರು, ಪರೀಕ್ಷಿಸಿದೋರು ಇಬ್ಬರದೂ ಬೇಕು. ಹಳೇ ಹಾಳೆಗೆ ಅದೇ ನಿಯಮ."

"ಇಷ್ಟು ವರ್ಷ ಇತ್ತಲ್ಲ. ಏನಾಯ್ತು?"

"ಮುಂಚೆ ದೊಡ್ಡ ತುಕಡಿ ಹೋಗ್ತಿತ್ತು. ಜೊತೆಗೆ ದಾರಿ ಬಲ್ಲೋರು ಇರ್ತಿದ್ರು, ಕುರಿ ಕಾಯೋರನ್ನ ಕೇಳ್ತಿದ್ರು. ಈಗ ಸಣ್ಣ ಸಣ್ಣ ತಂಡ. ಸದ್ದಿಲ್ದೆ ಹೋಗ್ಬೇಕು, ಯಾರನ್ನೂ ಕೇಳೋ ಹಾಗಿಲ್ಲ. ಮುಂದೆ ಆಳಿಲ್ಲದೆ ತಾನೇ ಓಡೋ ಹೊರೆಗಾಡಿ, ಅದರ ಹಿಂದೆ ಹುಡುಗ್ರು. ಗಾಡಿ ದಾರಿ ಆರಿಸೋದು ನಕ್ಷೆ ನೋಡಿ." ಅವಳು ದನಿ ತಗ್ಗಿಸಿದಳು. "ಇದನ್ನ ನಾನು ಹೇಳಬಾರದು. ಮುಂದಿನ ವಾರಕ್ಕೆ ಅದು ಆರಿಸಿರೋದು ಆ ದಾರೀನೇ. ಹತ್ತಿರದ್ದು ಅಂತ."

ಮಾಮ ಕನ್ನಡಕ ತೆಗೆದು, ಒರೆಸಿ, ಹಾಕಿಕೊಂಡು, ಮತ್ತೆ ತೆಗೆದರು.

"ನಾನು ಹೊರಡ್ತೀನಿ," ಎಂದು ಎದ್ದರು.

ಅವಳು ಕಾಗದ ಮಡಿಸಿದಳು. ದನಿ ಏರಿಸಲಿಲ್ಲ. "ಹೊರಡಿ ಮಾಮ. ಒಳಗೆ ಬಂದು ಮುಖ ನೋಡಿಕೊಂಡು ಹೊರಡಿ. ಅದಕ್ಕೆ ಸಹಿ ಬೇಕಾಗಿಲ್ಲ."

*

ಒಳಕೋಣೆಯಲ್ಲಿ ಅತ್ತೆ ಮುಖದ ಮೇಲಿನ ಬಟ್ಟೆ ಸರಿಸಿದಳು. ಮಾಮ ಬಗ್ಗಿದರು. ತೀರಾ ಹತ್ತಿರಕ್ಕೆ, ಮೂಗು ತಾಕುವಷ್ಟು. ಎಡಗಡೆ ಮೇಲಿನ ಮೂಲೆಯಿಂದ ಶುರು ಮಾಡಿ ಬಲಗಡೆ ಕೆಳಗಿನವರೆಗೆ, ಒಂದೊಂದೇ ಗೆರೆಯಾಗಿ ಆ ಮುಖ ನೋಡಿದರು. ಹಣೆ, ಹುಬ್ಬು, ಒಣಗಿದ ತುಟಿ. ಹಾಳೆ ಪರೀಕ್ಷಿಸುವ ಕ್ರಮವೇ ಅದು ಎಂದು ಅವಳಿಗೆ ಗೊತ್ತಿತ್ತು. ಚಿಕ್ಕವಳಿದ್ದಾಗ ಕಚೇರಿಯಲ್ಲಿ ಕಂಡಿದ್ದಳು. ಅತ್ತೆ ಗಾಬರಿಯಿಂದ ಅವಳ ಕಡೆ ನೋಡಿದಳು.

ಬಹಳ ಹೊತ್ತಿನ ಮೇಲೆ ಮಾಮ ಬೆನ್ನು ನೆಟ್ಟಗೆ ಮಾಡಿದರು.

"ಅವತ್ತು ನಾನು ಮಸೂರಕ್ಕೆ ಕಣ್ಣೇ ಇಡ್ಲಿಲ್ಲ ಕಣಮ್ಮ," ಎಂದರು. ಕಣ್ಣು ಮಾತ್ರ ಆ ಮುಖದ ಮೇಲೇ ಇತ್ತು. "ಬೇರೆಯವರದೆಲ್ಲ ಎರಡೆರಡು ಸಲ ನೋಡ್ತಿದ್ದೆ. ಇವನ ಗೆರೆ, ಇದರಲ್ಲಿ ನೋಡೋದೇನಿದೆ ಅಂತ ಸಹಿ ಹಾಕಿ ಪಕ್ಕಕ್ಕಿಟ್ಟೆ. ಅದೊಂದೇ ಹಾಳೆ ಅಂದ್ಕೊಂಡಿದೀಯಾ?"

ಅವಳು ಅರ್ಜಿಯನ್ನು ಬೆನ್ನ ಹಿಂದೆ ಸರಿಸಿದಳು.

"ಇವನದು ಒಂದೂ ನೋಡಿಲ್ಲ ನಾನು. ಒಂದನ್ನ ಒಪ್ಪಿಕೊಂಡ್ರೆ ಎಲ್ಲಾನೂ..." ಮಾಮ ಬಟ್ಟೆಯನ್ನು ತಾವೇ ಮುಖದ ಮೇಲೆ ಎಳೆದರು. "ಇವನ ಗಾಡಿ ಎಷ್ಟು ಹೊತ್ತಿಗೆ?"

"ಹನ್ನೆರಡಕ್ಕೆ."

"ಕಚೇರಿ ಮುಂದೇ ಅಲ್ವಾ ಹೋಗೋದು. ಅಲ್ಲಿ ಸ್ವಲ್ಪ ನಿಲ್ಲಿಸು."

*

ಶವದ ಗಾಡಿ ಕಚೇರಿಯ ಗೇಟಿನ ಮುಂದೆ ನಿಂತಾಗ ಕಾವಲಿನವನು ಕೈ ಅಡ್ಡ ಹಿಡಿದು ಓಡಿಬಂದ.

"ಇಲ್ಲಿ ನಿಲ್ಲಿಸೋ ಹಾಗಿಲ್ಲ, ಮುಂದೆ ಹೋಗಿ."

ಅತ್ತೆ ಕಿಟಕಿಯಿಂದ ತಲೆ ಹೊರಗೆ ಹಾಕಿದಳು. "ಮೂವತ್ತೈದು ವರ್ಷ ದಿನಾ ಈ ಬಾಗಿಲಲ್ಲಿ ಒಳಗೆ ಹೋದವನಪ್ಪ. ಇವತ್ತು ಹೊರಗೇ ಹತ್ತು ನಿಮಿಷ ನಿಂತ್ರೆ ನಿನ್ನ ಗೇಟು ಸವೆಯುತ್ತಾ?" ಬೆಳಿಗ್ಗೆಯಿಂದ ತಮ್ಮನ ಮಗಳನ್ನು ಬೈದವಳು ಈಗ ಅವಳ ಬೆನ್ನು ತಳ್ಳಿದಳು. "ಹೋಗು ನೀನು. ನಾನಿದೀನಿ ಇವನ ಹತ್ರ."

ಗೇಟಿಗೆ ಅಂಟಿಕೊಂಡಂತೆ ಒಂದು ಕೋಣೆ. ಹಳೆಯ ಹಾಳೆಗಳ ಬಗ್ಗೆ ಏನಾದರೂ ಕೇಳಬೇಕಾದಾಗ ನಿವೃತ್ತರನ್ನು ಕರೆಸಿ ಕೂರಿಸುವ ಜಾಗ. ಒಂದು ಮೇಜು, ಒಂದು ತೆರೆ, ಗೋಡೆಗೆ ಒರಗಿಸಿದ ಮೂರು ಮಡಿಸುವ ಕುರ್ಚಿ. ಮಾಮ ಖಾಲಿ ಚೌಕದಲ್ಲಿ ಸಹಿ ಹಾಕಿದರು, ಅಂಚು ಮೀರದಂತೆ. ತೆರೆ ವಿಭಾಗದ ಹುಡುಗಿ ಅದನ್ನು ಯಂತ್ರಕ್ಕೆ ತೋರಿಸಿದಳು. ಎರಡು ಹೆಸರೂ ಹಸಿರಾದವು.

"ನಿಮ್ಮಪ್ಪ ಇನ್ನೂ ಇದಾರೆ," ಎಂದಳು ಹುಡುಗಿ ಮೆಲ್ಲಗೆ, ಹೇಳಿದ್ದಕ್ಕೆ ತಾನೇ ನಾಚಿ.

ತೆರೆಯ ಮೇಲೆ ಬೆಟ್ಟ ಬಂತು. ಎತ್ತರ ತೋರಿಸುವ ಕಂದು ಗೆರೆಗಳು ಒಂದಕ್ಕೊಂದು ಒತ್ತಿಕೊಂಡಿದ್ದವು. ಅವುಗಳ ನಡುವೆ ಬಳುಕಿಕೊಂಡು ಹೋದ ತೆಳು ಕಪ್ಪು ಗೆರೆಯನ್ನು ಮಗಳು ಮೊದಲ ಸಲ ಕಂಡಳು. ಎಷ್ಟು ಚೆನ್ನಾಗಿತ್ತು ಅದು. ನಿಜವಾದ ದಾರಿಗಿಂತ ನಿಜವಾಗಿ, ಹತ್ತಿ ಬಾ ಎನ್ನುವ ಹಾಗೆ.

"ಒಂದೇ ಸಲಕ್ಕೆ ಹೋಗಲ್ಲ ಸಾರ್. ಮೂವತ್ತೇಳು ಚುಕ್ಕಿ ಸೇರಿ ಆಗಿರೋ ಗೆರೆ. ಪರೀಕ್ಷಿಸಿದವರೇ ಒಂದೊಂದನ್ನೂ ನೋಡಿ ಒತ್ತಬೇಕು. ಮೇಲಿನ ತುದಿಯಿಂದ ಶುರು."

ಮಾಮ ಜೇಬಿನಿಂದ ಭೂತಗನ್ನಡಿ ತೆಗೆದು ತೆರೆಗೆ ಹಿಡಿದರು. ಯಂತ್ರ ತಾನೇ ದೊಡ್ಡದು ಮಾಡಿ ತೋರಿಸುತ್ತೆ ಎಂದು ಹುಡುಗಿ ಹೇಳಹೊರಟು ಸುಮ್ಮನಾದಳು. ಪ್ರಪಾತದ ಅಂಚಿನ ಚುಕ್ಕಿ ಮಿನುಗಿತು. ಅಳಿಸಬೇಕೇ ಎಂದು ತೆರೆ ಕೇಳಿತು. ಅವರು ಸುತ್ತಲಿನ ಗೆರೆಗಳನ್ನೆಲ್ಲ ನೋಡಿ, ಒತ್ತಿದರು. ಮುಂದಿನದು. ಅದನ್ನೂ ಅಷ್ಟೇ ಹೊತ್ತು ನೋಡಿದರು.

ಹೊರಗೆ ಶವದ ಗಾಡಿಯ ಚಾಲಕ ಒಮ್ಮೆ ಹಾರನ್ ಒತ್ತಿದ. ಸ್ಮಶಾನದ ಗುಮಾಸ್ತ ಎರಡು ಗಂಟೆಗೆ ಎದ್ದುಬಿಡುತ್ತಾನೆಂದು ಅಚ್ಚಿನ ಮನೆಯವನು ಬಾಗಿಲಿಗೆ ಬಂದು ಹೇಳಿ ಹೋದ. ಅವಸರ ಮಾಡಿ ಮಾಮ ಎಂಬ ಮಾತು ಅವಳ ನಾಲಿಗೆಯ ತುದಿಗೆ ಬಂದಿತ್ತು. ನುಂಗಿಕೊಂಡು, ಅವರ ಕುರ್ಚಿಯ ಬೆನ್ನು ಹಿಡಿದು ನಿಂತಳು. ಹದಿನೈದು. ಹದಿನಾರು. ಒಂದೊಂದನ್ನೂ ಎರಡೆರಡು ಸಲ ನೋಡಿ, ಆಮೇಲೆ ಒತ್ತುತ್ತಿದ್ದರು.

ಗೆರೆ ತುದಿಯಿಂದ ಕುಗ್ಗುತ್ತ ಬಂತು. ಪ್ರಪಾತದ ಅಂಚು ಬಿಟ್ಟಿತು. ಮೇಲಿನ ತಿರುವು ಇಳಿಯಿತು, ಕಡಿದಾದ ಕಡೆ ತಡೆತಡೆದು, ಕೆಳಗಿನ ತಿರುವೂ ಇಳಿಯಿತು. ಬೆಟ್ಟದ ಮೇಲೆ ಎಲ್ಲಿಯವರೆಗೋ ಹೋಗಿದ್ದ ಯಾರೋ, ಹೊರೆ ಹೊತ್ತುಕೊಂಡೇ, ಒಂದೊಂದೇ ಹೆಜ್ಜೆ ಹಿಂದಕ್ಕೆ ನಡೆದು ಬರುತ್ತಿದ್ದ ಹಾಗೆ. ಕಂದು ಗೆರೆಗಳು ವಿರಳವಾದವು. ಬುಡದ ಬಯಲಿನಲ್ಲಿ ಒಂದೇ ಒಂದು ಕಪ್ಪು ಚುಕ್ಕಿ ಉಳಿದು, ಸ್ವಲ್ಪ ಹೊತ್ತು ಅಲ್ಲೇ ನಿಂತಿತು. ಮಾಮ ಅದನ್ನೂ ನೋಡಿ, ಒತ್ತಿದರು.