ಅಳತೆಗೆ ನಿಂತ ಮನುಷ್ಯ

೧

ಈ ಕಥೆಯನ್ನು ಕಂಬದಿಂದ ಶುರು ಮಾಡಲೇ, ಕಂಬದ ಪಕ್ಕ ನಿಂತ ಮನುಷ್ಯನಿಂದ ಶುರು ಮಾಡಲೇ ಎಂದು ಮೂರು ದಿನ ಯೋಚಿಸಿದೆ. ಕಂಬದಿಂದ ಶುರುವಾದ ಕರಡು ಹೀಗಿತ್ತು: ‘ಮೂವತ್ತಮೂರು ಅಡಿ ಎತ್ತರದ ಆ ಕಂಬ ಶತಮಾನಗಳ ಮೌನವನ್ನು ಹೊತ್ತು ನಿಂತಿತ್ತು.’ ಹರಿದು ಹಾಕಿದೆ. ಕಾರಣ ಎರಡು. ಕಂಬ ಹೊರುವುದು ಚಾವಣಿಯನ್ನು, ಮೌನವನ್ನಲ್ಲ. ಮತ್ತೆ, ಆ ಕಂಬ ಮೂವತ್ತಮೂರು ಅಡಿ ಇಲ್ಲ.

ಹಾಗಾಗಿ, ಮನುಷ್ಯನಿಂದ.

೨

ನಮ್ಮ ಪ್ರಕಾಶನ ತರುವುದು ಈ ದೇಶದ ಕಲೆ, ಇತಿಹಾಸ, ಸಮಾಜ ಕುರಿತ ಪುಸ್ತಕಗಳನ್ನಷ್ಟೇ. ನಾನು ಅಲ್ಲಿ ಸಂಪಾದಕ. ಅದಕ್ಕೂ ಮೊದಲು ದಿನಪತ್ರಿಕೆಯೊಂದರಲ್ಲಿ ಇತರರ ಅಂಕಿಅಂಶ ತಿದ್ದುತ್ತಿದ್ದೆ. (ಆ ಚಾಳಿ ಬಿಟ್ಟಿಲ್ಲ. ಹೆಂಡತಿ ‘ಐದೇ ನಿಮಿಷ, ಬಂದೆ’ ಎಂದರೆ ಗಡಿಯಾರ ನೋಡುತ್ತೇನೆ. ಅದರ ಪರಿಣಾಮಗಳು ಬೇರೆ ಕಥೆ.)

ನಮ್ಮ ಅತಿ ಹೆಸರುವಾಸಿ ಪುಸ್ತಕ ಮೇಡಂ ಬರೆದದ್ದು. ಎಲ್ಲರೂ ಅವರನ್ನು ಮೇಡಂ ಎಂದೇ ಕರೆಯುತ್ತಾರೆ. ಈಗ ಎಪ್ಪತ್ತೆಂಟು ವರ್ಷ. ನಲವತ್ತು ವರ್ಷಗಳ ಹಿಂದೆ ಜೀಪಿನಲ್ಲಿ ಸುತ್ತಾಡಿ ನಲವತ್ತೊಂದು ಹಳೆಯ ಕಟ್ಟಡಗಳ ಫೋಟೋ ತೆಗೆದರು. ಕಟ್ಟಡದ ಗಾತ್ರ ಓದುಗರಿಗೆ ತಿಳಿಯಲೆಂದು ಪಕ್ಕದಲ್ಲಿ ಒಬ್ಬ ಮನುಷ್ಯನನ್ನು ನಿಲ್ಲಿಸುವುದು ಈ ಕೆಲಸದ ರೂಢಿ. ನಿಂತವರು ಜೀಪಿನ ಡ್ರೈವರ್. ಜೀಪಿನಲ್ಲಿ ಏಣಿ ಹಿಡಿಸುತ್ತಿರಲಿಲ್ಲ. ಮೇಡಂ ಮನೆಗೆ ಬಂದು, ಫೋಟೋ ಮೇಲೆ ಸ್ಕೇಲ್ ಇಟ್ಟು, ಬಾಗಿಲು ಡ್ರೈವರ್‌ಗಿಂತ ಎಷ್ಟು ಪಟ್ಟು, ಕಂಬ ಎಷ್ಟು ಪಟ್ಟು ಎಂದು ಲೆಕ್ಕ ಹಾಕಿದರು. ಡ್ರೈವರ್ ಎತ್ತರ ಐದಡಿ ಆರಿಂಚು ಎಂದು ಮುನ್ನುಡಿಯಲ್ಲೇ ಇದೆ.

ಇದನ್ನು ನೆನಪಿಟ್ಟುಕೊಳ್ಳಿ. ಇಡೀ ಪುಸ್ತಕ ಆ ಒಂದು ವಾಕ್ಯದ ಹೆಗಲ ಮೇಲೆ ಕೂತಿದೆ.

೩

ಹೊಸ ಮುದ್ರಣಕ್ಕೆ ಪುಟ ವಿನ್ಯಾಸ ಮಾಡುತ್ತಿದ್ದ ನಮ್ಮ ಡಿಸೈನರ್ ನಲವತ್ತೊಂದು ಫೋಟೋಗಳಿಂದಲೂ ಡ್ರೈವರನ್ನು ಕ್ರಾಪ್ ಮಾಡಿದಳು. “ಎಲ್ಲಿ ನೋಡಿದ್ರೂ ಇವರೇ ಸಾರ್. ಕಟ್ಟಡ ನೋಡೋಕೇ ಬಿಡಲ್ಲ.”

ಅದೇ ವಾರ ಡ್ರೈವರ್ ಆಫೀಸಿಗೆ ಬಂದರು. ಹಳೆಯ ಪ್ರತಿ ಹರಿದಿತ್ತಂತೆ, ಹೊಸದು ಯಾವಾಗ ಬರುತ್ತದೆಂದು ಕೇಳಲು. ಅವಳ ಕಂಪ್ಯೂಟರ್ ಪರದೆಯಲ್ಲಿ ತಾವಿಲ್ಲದ ಬಾಗಿಲನ್ನು ನೋಡಿದರು.

“ನನ್ನನ್ನ ಯಾಕಮ್ಮಾ ಕತ್ತರಿಸಿದೆ?”

“ಕತ್ತರಿಸಿಲ್ಲ ಅಂಕಲ್, ಸ್ವಲ್ಪ ಪಕ್ಕಕ್ಕೆ ಸರಿಸಿದೀನಿ.”

“ಪಕ್ಕಕ್ಕೆ ಎಲ್ಲಿಗೆ? ಅಲ್ಲಿಗೆ ಪುಟಾನೇ ಮುಗಿದುಹೋಯ್ತಲ್ಲ.”

ದೂರು ನನ್ನ ಮೇಜಿಗೆ ಬಂತು. ನಮಸ್ಕಾರ ಹೇಳಲು ಎದ್ದು ನಿಂತೆ. ನನ್ನ ಎತ್ತರ ಐದಡಿ ಆರಿಂಚು. (ಎರಡು ಸಲ ಅಳೆಸಿದ್ದೇನೆ.) ಅವರ ನೆತ್ತಿ ನನ್ನ ಕಣ್ಣಿನ ಮಟ್ಟಕ್ಕಿತ್ತು. ವಯಸ್ಸಾದಂತೆ ಮನುಷ್ಯ ಒಂದು ಇಂಚು ಕುಗ್ಗಬಹುದು. ಉಳಿದ ಇಂಚುಗಳು?

“ಯಜಮಾನ್ರೇ, ನಿಜ ಹೇಳಿ. ಆಗ ನೀವು ಎಷ್ಟು ಎತ್ತರ ಇದ್ರಿ?”

ಅವರು ಕಿಟಕಿ ನೋಡಿದರು, ಫ್ಯಾನ್ ನೋಡಿದರು. “ಐದಡಿ ಎರಡು.”

“ಮತ್ತೆ ಆರು ಅಂತ ಯಾಕೆ ಹೇಳಿದ್ರಿ?”

“ಅವತ್ತು ನಮ್ಮನೆಯವಳೂ ಜೀಪಲ್ಲಿದ್ಲು ಸಾರ್. ಮದುವೆಯಾಗಿ ಹದಿನೈದು ದಿನ. ಅವಳು ಐದಡಿ ಮೂರು. ಮೇಡಂ ಅವಳ ಎದುರೇ ಕೇಳ್ಬಿಟ್ರು.”

೪

ನಾನು ಕಾಗದ ತೆಗೆದುಕೊಂಡೆ. ಮೂವತ್ತಮೂರು ಅಡಿಯ ಕಂಬ ಮೂವತ್ತೊಂದಕ್ಕೆ ಇಳಿಯಿತು. ಹದಿನಾರೂವರೆ ಅಡಿಯ ಬಾಗಿಲು ಹದಿನೈದೂವರೆಗೆ.

ಅನಾಹುತ ಇಲ್ಲಿಗೇ ನಿಲ್ಲಲಿಲ್ಲ. ಮೇಡಂ ಅಂಕಿಗಳನ್ನೇ ನಂಬಿದ ನಮ್ಮ ಇತಿಹಾಸ ಸಂಪುಟದಲ್ಲಿ ಈ ಕಂಬದ ಅರಸ ನೆರೆಯ ಅರಸನಿಗಿಂತ ಬಲಶಾಲಿ. ಕಾರಣ, ನೆರೆಯವನ ಕಂಬ ಮೂವತ್ತೆರಡೇ ಅಡಿ, ಅದೂ ಟೇಪು ಹಿಡಿದು ಅಳೆದದ್ದು. ಸಮಾಜ ಸಂಪುಟದಲ್ಲಿ ಸರದಾರರು ಆನೆಯ ಮೇಲೆ ಕೂತು, ಕೊಡೆ ಬಿಚ್ಚಿಕೊಂಡೇ ಆ ಬಾಗಿಲನ್ನು ದಾಟುತ್ತಿದ್ದರು. ಇನ್ನು ಮುಂದೆ ಅವರು ಕೊಡೆ ಮಡಚಬೇಕು.

“ಫೋಟೋದಿಂದ ನೀವು ಹೋದ್ರೆ ಈ ತಪ್ಪು ಯಾರಿಗೂ ಗೊತ್ತಾಗಲ್ಲ. ಫೋಟೋದಲ್ಲಿ ಇರಬೇಕು ಅಂದ್ರೆ ಎತ್ತರ ಸರಿಯಾಗಿ ಹಾಕ್ಬೇಕು. ಮೇಡಂಗೆ ಹೇಳ್ಬೇಕು,” ಎಂದೆ.

ಅವರು ಕುರ್ಚಿಯ ಅಂಚಿನಲ್ಲಿ ಕೂತರು.

೫

(ಇಲ್ಲಿಯವರೆಗಿನ ಕರಡನ್ನು ಡ್ರೈವರ್‌ಗೆ ಓದಿ ಹೇಳಿದೆ. ಪತ್ರಿಕೆಯಲ್ಲಿದ್ದಾಗ ಇಂಥ ತಪ್ಪು ಮಾಡುತ್ತಿರಲಿಲ್ಲ.)

“ಸಾರ್, ಇದು ಕಥೆ ತಾನೆ? ಐದಡಿ ಮೂರು ಅಂತ ಹಾಕಿ. ಮನೆಯವಳಿಗೆ ಸಮ ಆಗ್ಲಿ.”

“ಆಗಲ್ಲ.”

“ಎರಡೂವರೆ?”

“ಯಜಮಾನ್ರೇ, ಇದೇನು ತರಕಾರಿ ಅಂಗಡೀನಾ? ಅಷ್ಟಕ್ಕೂ ನಿಮ್ಮ ಮನೆಯವರಿಗೆ ಗೊತ್ತಿಲ್ವಾ?”

“ಗೊತ್ತಿಲ್ದೆ ಏನು. ಇಷ್ಟು ವರ್ಷ ನನ್ನ ಪ್ಯಾಂಟಿನ ಅಂಚು ಮಡಚಿ ಹೊಲಿದಿರೋಳು ಅವಳೇ. ಮೇಡಂಗೆ ಗೊತ್ತಿಲ್ಲ, ಅದೇ ಕಷ್ಟ. ನನ್ನ ಮಾತು ನಂಬಿ ಅಷ್ಟು ದಪ್ಪ ಪುಸ್ತಕ ಬರೆದಿದಾರೆ.”

 

೬

ಮುಕ್ತಾಯಕ್ಕೆ ನನ್ನ ಬಳಿ ಮೊದಲು ಎರಡು ದಾರಿಗಳಿದ್ದವು.

ಮೊದಲನೆಯದರಲ್ಲಿ ಡ್ರೈವರ್ ಸುಮ್ಮನೆ ಮನೆಗೆ ಹೋಗುತ್ತಾರೆ, ಪುಸ್ತಕ ಅವರಿಲ್ಲದೆ ಬರುತ್ತದೆ. ಡ್ರೈವರ್ ಒಪ್ಪಲಿಲ್ಲ. “ಫೋಟೋದಿಂದ ತೆಗೆದಿದ್ದು ಸಾಲ್ದು ಅಂತ ಕಥೆಯಿಂದಾನೂ ತೆಗೀತೀರಾ?”

ಎರಡನೆಯದರಲ್ಲಿ ಅವರು ತಪ್ಪೊಪ್ಪಿಕೊಳ್ಳುತ್ತಾರೆ, ಮೇಡಂ ಮೆಲ್ಲಗೆ ನಕ್ಕು ‘ನನಗೆ ಮೊದಲೇ ಗೊತ್ತಿತ್ತು’ ಎನ್ನುತ್ತಾರೆ. ಚೆನ್ನಾಗಿದೆ ಅನ್ನಿಸಿತು. ಮೇಡಂ ಓದಿ ಕೆಂಪು ಪೆನ್ನಿನಲ್ಲಿ ಬರೆದರು: ‘ಗೊತ್ತಿದ್ದೂ ತಪ್ಪು ಅಂಕಿ ಅಚ್ಚು ಹಾಕಿಸೋ ಹೆಂಗಸಾ ನಾನು? ಹೊಡೆದುಹಾಕಿ.’

(ಹೌದು. ಮೇಡಂ ಓದಿದ್ದಾರೆ ಎಂದರೆ ಅಷ್ಟರಲ್ಲಿ ವಿಷಯ ಅವರಿಗೆ ತಿಳಿದಿತ್ತು ಎಂದಾಯಿತು. ಕಥೆಯ ಗುಟ್ಟನ್ನು ಓದುಗರಿಂದ ಮುಚ್ಚಿಡುವುದರಲ್ಲಿ ನನ್ನ ಸಾಮರ್ಥ್ಯ ಇಷ್ಟೇ.)

೭

ನಡೆದದ್ದು ಹೀಗೆ. ನಾನು ಕರಡು ಓದಿ ಹೇಳಿದ ಮರುದಿನ ಬೆಳಿಗ್ಗೆ ಡ್ರೈವರ್ ಮೇಡಂ ಮನೆಗೆ ಹೋದರು. ಜೊತೆಗೆ ನಾನೂ ಹೋದೆ. ಮೇಡಂ ಪ್ರೂಫ್ ನೋಡುತ್ತಿದ್ದರು. ಡ್ರೈವರ್ ಕಪಾಟಿಗೆ ಬೆನ್ನು ಕೊಟ್ಟು ನೆಟ್ಟಗೆ ನಿಂತರು, ಫೋಟೋದಲ್ಲಿ ನಿಂತ ಹಾಗೆಯೇ.

“ಏನೋ ಇದು? ಅಲ್ಲಿ ಯಾಕೆ ನಿಂತೆ?”

“ಅಳೀರಿ ಮೇಡಂ.”

ಅಳೆದರು. ಐದಡಿ ಒಂದು. ಆಗ ಐದಡಿ ಎರಡಿತ್ತು ಎಂದು ಡ್ರೈವರ್ ಹೇಳಿದರು, ಯಾಕೆ ಆರು ಎಂದೆ ಎಂಬುದನ್ನೂ ಹೇಳಿದರು. ಮೇಡಂ ಕನ್ನಡಕ ತೆಗೆದು ಒರೆಸಿದರು. ಪ್ರೂಫಿನ ಅಂಚಿನಲ್ಲಿ ಲೆಕ್ಕ ಹಾಕಿದರು, ಗೋಡೆ ಗಡಿಯಾರದ ಪ್ರಕಾರ ನಾಲ್ಕು ನಿಮಿಷ.

“ಹಾಗಾದ್ರೆ ನಲವತ್ತು ವರ್ಷದಿಂದ ಎರಡಡಿ ಗಾಳಿಗೆ ನಾನು ಅಡಿಟಿಪ್ಪಣಿ ಬರ್ದಿದೀನಿ,” ಎಂದರು ಮೇಡಂ.

“ತಪ್ಪಾಯ್ತು ಮೇಡಂ.”

“ತಪ್ಪು ನಂದೂ ಇದೆ. ಕಂಬಾನೆಲ್ಲ ಅಳೆಯೋಕೆ ಹೊರಟೋಳು ನಿನ್ನನ್ನ ಅಳೀಲಿಲ್ಲ.” ಆಮೇಲೆ ನನ್ನ ಕಡೆ ತಿರುಗಿದರು. “ಮುದ್ರಣ ನಿಲ್ಲಿಸಿ. ಏಣಿ ಹಿಡಿಸೋ ಅಂಥ ಗಾಡಿ ನೋಡಿ. ಲೆಕ್ಕ ಮಾಡಿ ತಿದ್ದೋದೆಲ್ಲ ಬೇಡ, ಹೋಗಿ ಅಳೆಯೋಣ. ನಲವತ್ತೊಂದನ್ನೂ.”

“ಮೇಡಂ, ನಾನೂ…”

“ನೀನಿಲ್ದೆ ದಾರಿ ಯಾರಿಗೆ ಗೊತ್ತು?”

೮

ಇಲ್ಲಿ ಮುಗಿಸಬಹುದಿತ್ತು. ಓದುಗರು ತೃಪ್ತಿಯಿಂದ ಪುಟ ಮಗುಚುತ್ತಿದ್ದರು. ಆದರೆ ನಾವೀಗ ಮೊದಲ ಬಾಗಿಲ ಮುಂದೆ ಇದ್ದೇವೆ, ಏಣಿ ಅಲುಗಾಡುತ್ತಿದೆ, ಅದನ್ನು ಹಿಡಿದಿರುವವನು ನಾನು. ಡಿಸೈನರ್ ಮೇಲಿದ್ದಾಳೆ. ಡ್ರೈವರ್ ಟೇಪಿನ ಕೆಳತುದಿಯನ್ನು ಹೊಸ್ತಿಲಿಗೆ ಒತ್ತಿ ಕೂತಿದ್ದಾರೆ.

“ಹದಿನೈದೂವರೆಗಿಂತ ಸ್ವಲ್ಪ ಜಾಸ್ತಿ ಬರ್ತಿದೆ ಮೇಡಂ,” ಮೇಲಿನಿಂದ ಕೇಳಿತು.

“ಸ್ವಲ್ಪ ಅಂದ್ರೆ ಎಷ್ಟಮ್ಮಾ?” ಕೇಳಿದ್ದು ಮೇಡಂ ಅಲ್ಲ, ಡ್ರೈವರ್. ಬಾಗಿಲು ಬೆಳೆದಷ್ಟೂ ಅವರೂ ಬೆಳೆದ ಲೆಕ್ಕ; ಕೂತಲ್ಲೇ ಅವರ ಬೆನ್ನು ನೆಟ್ಟಗಾಗಿತ್ತು.

ಅವಳು ಏನೋ ಹೇಳಿದಳು. ಏಣಿ ಕಿರುಗುಟ್ಟಿತು.

“ಟೇಪು ಸೊಟ್ಟಗಿದೆ. ಇನ್ನೊಂದ್ಸಲ,” ಎಂದರು ಮೇಡಂ.

“ಇರ್ಲಿ ಬಿಡಿ ಮೇಡಂ, ಅವಳು ಓದಿದ್ದು ಸರಿಯಾಗೇ ಇದ್ದ ಹಾಗಿತ್ತು.”

“ಇನ್ನೊಂದ್ಸಲ.”

ಅಂಕಿ ಎಷ್ಟು ಎಂದು ನೀವು ಕೇಳುತ್ತೀರಿ. ನಾನಾಗಿದ್ದರೂ ಕೇಳುತ್ತಿದ್ದೆ. ಬರೆದುಕೊಳ್ಳಲು ಆಗುತ್ತಿಲ್ಲ, ನನ್ನ ಎರಡೂ ಕೈಗಳು ಏಣಿಯ ಮೇಲಿವೆ.