ಕಮಲಳ ಕಾಲಿಗೆ ಹಿಡಿಸುವ ಶೂಸು

ಸೇವಂತಿ ಗುಡಿಸುವ ಹಿಡಿಸೂಡಿಯಿಂದ ಒಂದು ಕಡ್ಡಿ ಎಳೆದಳು. ತೀರಾ ಸಪೂರದ್ದು ಬೇಡವೆಂದು ಅದನ್ನು ಬದಿಗಿಟ್ಟು ಇನ್ನೊಂದನ್ನು ಎಳೆದಳು. ತಂಗಿ ಕಮಲ ಜಗಲಿಯ ಅಂಚಿನಲ್ಲಿ ನಿಂತು ಪುಸ್ತಕ ಓದುತ್ತಿದ್ದಳು. ಸೇವಂತಿ ಕುಕ್ಕರಗಾಲಲ್ಲಿ ಕುಳಿತು ಕಡ್ಡಿಯ ಒಂದು ತುದಿಯನ್ನು ತಂಗಿಯ ಹಿಮ್ಮಡಿಗೆ ತಾಗಿಸಿ, ಹೆಬ್ಬೆರಳು ಮುಗಿಯುವಲ್ಲಿ ಉಗುರಿನಿಂದ ಗುರುತು ಮಾಡಿ, ಲಟಕ್ಕೆಂದು ಮುರಿದಳು. ಮುರಿದ ತುಂಡನ್ನು ಮತ್ತೊಮ್ಮೆ ಕಾಲಿನ ಪಕ್ಕ ಹಿಡಿದು ನೋಡಿದಳು. ಸರಿಯಿತ್ತು. ಅದಕ್ಕೊಂದು ಕೆಂಪು ನೂಲು ಸುತ್ತಿ ಬೀಡಿಯ ಚೀಲದೊಳಗೆ ಇಟ್ಟಳು. ಕಮಲ ಪುಟ ಮಗುಚಿದಳು.

ಕಾಣಿಯೂರಿನ ಕಡೆ ಚಪ್ಪಲಿ ತರಿಸುವ ಕ್ರಮವೇ ಹಾಗೆ. ಪುತ್ತೂರು ಪೇಟೆಗೆ ಹೋಗುವವರು ಯಾರಾದರೂ ಇದ್ದರೆ ಅವರ ಕೈಯಲ್ಲಿ ಕಡ್ಡಿ ಕೊಡುವುದು. ಮದುವೆ ಎದ್ದ ಮನೆಯಾದರೆ ಪೇಟೆಗೆ ಹೊರಟವನ ಕಿಸೆಯಲ್ಲಿ ಕಡ್ಡಿಗಳ ಕಟ್ಟೇ ಇರುತ್ತಿತ್ತು; ಯಾರದು ಯಾವುದೆಂದು ತಿಳಿಯಲು ಒಂದಕ್ಕೆ ಕೆಂಪು ನೂಲು, ಒಂದಕ್ಕೆ ಬಿಳಿ ನೂಲು. ಅಂಗಡಿಯವನು ಚಪ್ಪಲಿಯ ಮೇಲೆ ಕಡ್ಡಿ ಇಟ್ಟು ನೋಡಿ ಕಟ್ಟಿಕೊಡುತ್ತಿದ್ದ. ಹಾಗೆ ತಂದ ಚಪ್ಪಲಿಯನ್ನೇ ಊರೆಲ್ಲ ಮೆಟ್ಟುತ್ತಿತ್ತು.

ಈ ಸಲದ ಕಡ್ಡಿ ಮಾತ್ರ ಪುತ್ತೂರಿಗಲ್ಲ, ದುಬಾಯಿಗೆ ಹೊರಟಿತ್ತು.

ಕಮಲ ರಾಮಕುಂಜದಲ್ಲಿ ಹೈಸ್ಕೂಲು ಓದುತ್ತಿದ್ದಳು. ಮಣ್ಣಿನ ಮೈದಾನದಲ್ಲಿ ಅವಳ ಹಿಂದೆ ಓಡಿದವರು ಅವಳ ಬೆನ್ನನ್ನು ಮಾತ್ರ ಕಂಡಿದ್ದರು. ಆದರೆ ಮೊನ್ನೆ ಮಾರ್ಚಿನಲ್ಲಿ ಸುಳ್ಯದಲ್ಲಿ ನಡೆದದ್ದು ರಸ್ತೆ ಓಟ. ನಡು ಮಧ್ಯಾಹ್ನ, ಕರಗಿದ ಡಾಂಬರು, ಬರಿಗಾಲು. ಅರ್ಧ ದಾರಿಯವರೆಗೂ ಅವಳೇ ಮುಂದಿದ್ದಳು. ಆಮೇಲೆ ಬೊಬ್ಬೆ ಒಡೆದು, ಅಂಗಾಲಿಗೆ ಡಾಂಬರು ಮೆತ್ತಿ, ರಸ್ತೆಬದಿಯ ಹುಲ್ಲಿನ ಮೇಲೆ ಕುಳಿತುಬಿಟ್ಟಳು. ಶೂಸು ಹಾಕಿದ ಹುಡುಗಿಯರು ಒಬ್ಬೊಬ್ಬರೇ ಅವಳನ್ನು ದಾಟಿ ಹೋದರು. ಓಟ ಕಲಿಸುವ ಮೇದಪ್ಪ ಮಾಸ್ಟ್ರು ಅವಳನ್ನು ಎತ್ತಿ ಜೀಪಿಗೆ ಹಾಕುವಾಗ, "ಜನವರಿಯಲ್ಲಿ ಮೈಸೂರಿನಲ್ಲಿ ದೊಡ್ಡ ಓಟ ಉಂಟು. ಅದೂ ಡಾಂಬರು ರಸ್ತೆಯೇ. ಶೂಸಿಲ್ಲದೆ ನಿನ್ನನ್ನು ನಾನು ಕರ್ಕೊಂಡು ಹೋಗುದಿಲ್ಲ" ಎಂದಿದ್ದರು.

ಜನರ ನಡುವೆ ನಿಂತು ಇದನ್ನೆಲ್ಲ ನೋಡಿದವಳು ಸೇವಂತಿ. ಆರನೆಯ ಕ್ಲಾಸಿಗೆ ಶಾಲೆ ಬಿಟ್ಟು ಬೀಡಿ ಕಟ್ಟಲು ಕುಳಿತವಳು ಅವಳು. ಮನೆಯಲ್ಲಿ ಒಬ್ಬಳಾದರೂ ಕೊನೆತನಕ ಹೋಗಲಿ ಎಂಬುದನ್ನು ಅವಳು ಯಾರ ಹತ್ತಿರವೂ ಬಾಯಿಬಿಟ್ಟು ಹೇಳಿದವಳಲ್ಲ. ಅವಳ ಬಾಯಿ ಬಿಚ್ಚುವುದೇ ಕಷ್ಟ. ಕಟ್ಟಿದ ಬೀಡಿ ಒಪ್ಪಿಸುವ ಬ್ರಾಂಚಿಗೆ ಹೋದರೂ ಅಷ್ಟೇ, ಕಟ್ಟುಗಳನ್ನು ಮೇಜಿನ ಮೇಲಿಟ್ಟು, ಎಲೆ ಹೊಗೆಸೊಪ್ಪು ತೆಗೆದುಕೊಂಡು, ಬಂದ ಹಾಗೆ ಹಿಂದೆ ಬರುವವಳು. "ಸೇವಂತಿಯ ಸ್ವರ ಹೇಗುಂಟು ಅಂತ ಕೇಳಿದವರು ಕೈಯೆತ್ತಿ" ಎಂದು ಜೊತೆಗೆ ಬೀಡಿ ಕಟ್ಟುವ ರುಖಿಯಮ್ಮ ಬ್ರಾಂಚಿನಲ್ಲಿ ತಮಾಷೆ ಮಾಡುತ್ತಿದ್ದಳು.

ಅಂಥವಳು ಆ ದಿನ ಬ್ರಾಂಚಿನಲ್ಲಿ ಬೀಡಿ ಲೆಕ್ಕ ಹಾಕುವ ಕಾಸಿಂ ಕಾಕನ ಎದುರು ಕಡ್ಡಿ ಇಟ್ಟು, "ಕಾಕ, ನಿಮ್ಮ ಭಾವಮೈದ ಶೂಸಿನ ಗೋಡೌನಿನಲ್ಲಿ ಇರುದಲ್ವಾ?" ಎಂದು ಕೇಳಿದಾಗ ಕಾಸಿಂ ಲೆಕ್ಕ ಬಿಟ್ಟು ಕನ್ನಡಕದ ಮೇಲಿಂದ ನೋಡಿದ. ಅವನ ಹೆಂಡತಿಯ ತಮ್ಮ ಮೋನು ದುಬಾಯಿಯಲ್ಲಿದ್ದದ್ದು ಊರಿಗೆಲ್ಲ ಗೊತ್ತಿತ್ತು.

"ಪುತ್ತೂರಿನಲ್ಲಿ ಕ್ಯಾನ್‌ವಾಸ್ ಸಿಗುದಿಲ್ವಾ ಮಾರಾಯ್ತಿ?"

"ನೋಡಿದೆ. ಗಂಡುಮಕ್ಕಳದ್ದು ಹಾಕಿದರೆ ಹಿಮ್ಮಡಿ ಜಾರಿ ಹೊರಗೆ ಬರ್ತದೆ. ಹೆಣ್ಣುಮಕ್ಕಳದ್ದು ಅಂತ ಓಡುವ ಶೂಸು ಅಲ್ಲಿ ಇಲ್ಲವೇ ಇಲ್ಲ."

ಇಷ್ಟು ಉದ್ದದ ಮಾತು ಮುಗಿಯುವಾಗ ಅವಳ ಕಿವಿ ಕೆಂಪಗಾಗಿತ್ತು. ಕಾಸಿಂ ಕಡ್ಡಿಯನ್ನು ಕಿಸೆಗೆ ಹಾಕಿಕೊಂಡು, "ಕಳಿಸುವ. ದುಡ್ಡು ಬೀಡಿಯ ಮಜೂರಿಯಲ್ಲಿ ಹಿಡಿಯುವ" ಎಂದ.

ಮಳೆ ಹಿಡಿಯುವ ಮೊದಲು ಶೂಸು ಬಂತು. ಬಿಳಿಯ ಮೈ, ಬದಿಗೆ ನೀಲಿ ಪಟ್ಟಿ, ಮೂಸಿದರೆ ಹೊಸ ರಬ್ಬರಿನ ವಾಸನೆ. ಸೇವಂತಿ ಮೊದಲು ಅದರ ಜೊತೆ ಹಿಂದೆ ಬಂದ ಕಡ್ಡಿಯನ್ನೇ ಒಳಗಿಳಿಸಿ ನೋಡಿದಳು. ಕೂದಲಿನಷ್ಟೂ ವ್ಯತ್ಯಾಸವಿರಲಿಲ್ಲ. ಕಮಲ ನಗುತ್ತಾ ಕಾಲು ತೂರಿಸಿದಳು. ಬೆರಳುಗಳ ಬುಡದವರೆಗೆ ಹೋಗಿ ಕಾಲು ನಿಂತಿತು. ಒತ್ತಿದಳು. ಎದ್ದು ನಿಂತು ಒತ್ತಿದಳು. ಹಿಮ್ಮಡಿ ಹೊರಗೇ ಉಳಿಯಿತು.

"ನೆನೆಸಿದ ಭತ್ತ ತುಂಬಿಸಿಡು, ಅಗಲ ಆಗ್ತದೆ" ಎಂದರು ತಾಯಿ ದೇವಮ್ಮ. ತುಂಬಿಸಿಟ್ಟರು. ಬೆಳಿಗ್ಗೆ ನೋಡಿದರೆ ಭತ್ತ ಉಬ್ಬಿ ಒಂದು ಬದಿಯ ಹೊಲಿಗೆಯೇ ಬಿಟ್ಟುಹೋಗಿತ್ತು. ಕಮಲ ಅಳಲಿಲ್ಲ. ಹೊಲಿಗೆ ಬಿಟ್ಟ ಶೂಸನ್ನು ತೊಳೆದು ಬಿಸಿಲಿಗಿಟ್ಟು ಶಾಲೆಗೆ ಹೋದಳು. ಅತ್ತಿದ್ದರೆ ಸೇವಂತಿಗೆ ಅಷ್ಟು ಸಂಕಟವಾಗುತ್ತಿರಲಿಲ್ಲವೇನೋ.

ಆ ವಾರ ಬ್ರಾಂಚಿನಲ್ಲಿ ಸರದಿಗೆ ಕಾಯುತ್ತಾ ಕುಳಿತಾಗ ಸೇವಂತಿ ಹೆಂಗಸರ ಕಾಲುಗಳನ್ನೇ ನೋಡಿದಳು. ಎಲ್ಲರವೂ ಬೀಸಣಿಗೆಯ ಹಾಗೆ ಬಿಚ್ಚಿಕೊಂಡ ಪಾದಗಳು. ಗುಡ್ಡೆ ಹತ್ತಿ, ತಲೆಹೊರೆ ಹೊತ್ತು, ತೋಡಿನ ಕಲ್ಲು ದಾಟಿ ಬೆಳೆದ ಕಾಲುಗಳು. ಹೊಸ್ತಿಲ ಹೊರಗೆ ಬಿಟ್ಟ ಚಪ್ಪಲಿಗಳನ್ನು ನೋಡಿದಳು. ಪ್ರತಿಯೊಂದರಲ್ಲೂ ಕಿರುಬೆರಳು ಇರುವ ಬದಿ ಸವೆದು ಇಳಿದಿತ್ತು. ಎಲ್ಲರ ಕಿರುಬೆರಳೂ ಚಪ್ಪಲಿಯಿಂದ ಹೊರಗೇ ನಡೆಯುತ್ತಿತ್ತು. ಚಪ್ಪಲಿಯಾದರೆ ಬೆರಳು ಹೊರಗೆ ಚಾಚಬಹುದು, ಶೂಸಿನಲ್ಲಿ ಎಲ್ಲಿಗೆ ಚಾಚುವುದು? ಕಡ್ಡಿ ಉದ್ದವನ್ನು ಹೇಳಿತ್ತು, ಅಗಲವನ್ನು ಹೇಳಿರಲಿಲ್ಲ. ಇಷ್ಟು ವರ್ಷ ಯಾರೂ ಅದರ ಹತ್ತಿರ ಕೇಳಿಯೂ ಇರಲಿಲ್ಲ.

ಮನೆಗೆ ಬಂದವಳೇ ಕಮಲಳ ಬರೆಯುವ ಪಟ್ಟಿಯಿಂದ ಒಂದು ಹಾಳೆ ಹರಿದು ನೆಲದ ಮೇಲೆ ಹಾಸಿ, "ನಿಲ್ಲು" ಎಂದಳು. ಕಮಲ ಕಾಲಿಡಲು ಹೋಗಿ ಥಟ್ಟನೆ ಹಿಂದೆ ಸರಿದು, ಹಾಳೆಯನ್ನು ಮುಟ್ಟಿ ಕಣ್ಣಿಗೊತ್ತಿಕೊಂಡಳು.

"ಅಕ್ಕ, ಕಾಗದಕ್ಕೆ ಕಾಲಾ? ಸರಸ್ವತಿ ಅಲ್ವಾ?"

"ಪರೀಕ್ಷೆಗೆ ಹೋಗುವ ಹುಡುಗಿಗೆ ಎಂತ ಹೇಳಿಕೊಡ್ತಿ ನೀನು?" ಎಂದು ದೇವಮ್ಮ ಒಳಗಿನಿಂದಲೇ ಕೂಗಿದರು.

ಸೇವಂತಿ ವಾದಿಸಲಿಲ್ಲ. ಹಿತ್ತಿಲಿಗೆ ಹೋಗಿ ಖಾಲಿ ಸಿಮೆಂಟು ಚೀಲವೊಂದನ್ನು ತಂದಳು. ಅದರ ಒಳಪದರದ ಕಂದು ಕಾಗದವನ್ನು ಬಿಡಿಸಿ ಧೂಳು ಕೊಡವಿದಳು. "ಇದರಲ್ಲಿ ಒಂದಕ್ಷರವೂ ಇಲ್ಲ. ಸಿಮೆಂಟು ಹಾಕುವ ಚೀಲಕ್ಕೆ ಸರಸ್ವತಿ ಬರುದಿಲ್ಲ." ಕಮಲ ತಾಯಿಯ ಕಡೆ ನೋಡಿದಳು, ಅಕ್ಕನ ಕಡೆ ನೋಡಿದಳು, ಕೊನೆಗೆ ಒಪ್ಪಿದಳು. ಸೇವಂತಿ ಮೊದಲು ಕೂರಿಸಿ ಕಾಲಿನ ಸುತ್ತ ಗೆರೆ ಎಳೆದಳು. ಆಮೇಲೆ ನಿಲ್ಲಿಸಿ ಎಳೆದ ಗೆರೆ ಅದಕ್ಕಿಂತ ಹೊರಗೆ ಹೋಯಿತು. ಭಾರ ಬಿದ್ದಾಗ ಕಾಲು ಹರಡಿಕೊಳ್ಳುತ್ತಿತ್ತು. ನಿಂತಾಗಿನ ಗೆರೆಯನ್ನೇ ಹಿಡಿದು ಕತ್ತರಿಸಿ ಸುರುಳಿ ಸುತ್ತಿ ಕಾಸಿಂ ಕಾಕನಿಗೆ ಕೊಟ್ಟಳು.

ಉತ್ತರ ಬಂದದ್ದು ಕ್ಯಾಸೆಟಿನಲ್ಲಿ. ಮೋನುವಿಗೆ ಬರೆಯುವುದು ಉದಾಸೀನ. ಹೇಳುವುದನ್ನೆಲ್ಲ ಟೇಪ್ ಮಾಡಿ ಊರಿಗೆ ಬರುವವರ ಕೈಯಲ್ಲಿ ಕಳಿಸುತ್ತಿದ್ದ. ಕಾಸಿಂ ಮೇಜಿನ ಮೇಲೆ ಟೇಪ್ ರೆಕಾರ್ಡರ್ ಇಟ್ಟು ಒತ್ತಿದ. ಅಕ್ಕನ ಕೆಮ್ಮು, ಗಬ್ಬದ ಎಮ್ಮೆ, ಮನೆಯ ಮಾಡು ಎಲ್ಲದರ ವಿಚಾರಣೆ ಮುಗಿದ ಮೇಲೆ ಸೇವಂತಿಯ ಸುದ್ದಿ ಬಂತು.

"ಭಾವ, ಆ ಹುಡುಗಿಗೆ ಹೇಳಿ. ಇಲ್ಲಿಗೆ ಮಾಲು ಬರುದು ತೈವಾನಿಂದ. ಅಲ್ಲಿಯ ಕಂಪೆನಿಯವ ಸಾಂಪಲ್ ಹಿಡ್ಕೊಂಡು ಬಂದಿದ್ದ. ಕಾಲಿನ ಚಿತ್ರ ತೋರಿಸಿದೆ. ಇದು ಯಾವ ಗಂಡಸಿನದ್ದು ಅಂತ ಕೇಳಿದ. ಹುಡುಗಿದ್ದು ಅಂದ್ರೆ ನಂಬುದೇ ಇಲ್ಲ ಪಾರ್ಟಿ! ಹೆಂಗಸರ ಶೂಸಿಗೆ ಅವರ ಹತ್ರ ಇರುದು ಒಂದೇ ಅಗಲದ ಅಚ್ಚಂತೆ. ಒಬ್ಬಳ ಕಾಲು ಅಗಲ ಆದ್ರೆ ಅದು ಅವಳ ಕಾಲಿನ ಕತೆ. ಊರಿನ ಹೆಂಗಸರ ಕಾಲೆಲ್ಲ ಹಾಗೇ ಉಂಟು ಅಂತ ತೋರಿಸಿದ್ರೆ ಅದೊಂದು ಸೈಜು, ಆಗ ಹೊಸ ಅಚ್ಚು ಹಾಕಿಸ್ತೇವೆ ಅಂದ. ಬೇರೆ ಹೆಂಗಸರ ಕಾಲೂ ಹೀಗೇ ನಿಲ್ಲಿಸಿ ಚಿತ್ರ ಬಿಡಿಸಿ ಕಳಿಸ್ಲಿ. ಅವ ಮುಂದಿನ ತಿಂಗಳು ಇನ್ನೊಮ್ಮೆ ಬರ್ತಾನೆ. ಆಮೇಲೆ ವರ್ಷ ಕಳೀಬೇಕು. ಉಪ್ಪಿನಂಗಡಿಯ ನನ್ನ ದೋಸ್ತಿ ಊರಿಗೆ ಬಂದಿದ್ದಾನೆ, ಶನಿವಾರ ಸಂಜೆಯ ಬಸ್ಸಿಗೆ ಬೊಂಬಾಯಿಗೆ ಹೊರಡ್ತಾನೆ. ಅವನ ಕೈಯಲ್ಲಿ ಕೊಡಿ."

"ಇನ್ನೊಮ್ಮೆ ಹಾಕಿ ಕಾಕ" ಎಂದಳು ಸೇವಂತಿ. ಎರಡನೆಯ ಸಲ ಕೇಳುವಾಗ ಅವಳು ತನ್ನ ಬೆರಳುಗಳನ್ನು ಒಂದಕ್ಕೊಂದು ಬಿಗಿಯಾಗಿ ಹೆಣೆದುಕೊಂಡಿದ್ದಳು. ಹೆಂಗಸರ ಕಾಲು ಬೇಕಾಗಿತ್ತು. ಕಾಲು ಊರತುಂಬ ಇತ್ತು. ಕೇಳುವವಳು ಮಾತ್ರ ತಾನೊಬ್ಬಳೇ.

ಮೊದಲು ಹೋದದ್ದು ನೆರೆಮನೆಯ ವಾರಿಜಾಕ್ಷಿಯ ಹತ್ತಿರ. ವಾರಿಜಾಕ್ಷಿ ಅಕ್ಕಿ ಕಡೆಯುತ್ತಿದ್ದವಳು ಗುಂಡುಕಲ್ಲು ನಿಲ್ಲಿಸಿ, "ಕಾಲಿನ ಗುರುತು ತೆಗೆದು ಎಲ್ಲಿಗೆ ಕೊಂಡೋಗುದು?" ಎಂದಳು.

"ದುಬಾಯಿಗೆ. ಅಲ್ಲಿಂದ ತೈವಾನಿಗೆ."

"ಅಯ್ಯೋ ಮಾರಾಯ್ತಿ! ಕಾಲಡಿಯ ಮಣ್ಣು ತೆಗೆದು ಮಾಟ ಮಾಡುದು ಗೊತ್ತಿಲ್ವಾ ನಿನಗೆ? ನೀನು ಇಡೀ ಕಾಲನ್ನೇ ಕೇಳ್ತಿ. ಅದೂ ಕಾಗದದ ಮೇಲೆ ನಿಂತು."

"ಅಲ್ಲಿ ಯಾರಿಗೂ ನಿಮ್ಮ ಗುರುತಿಲ್ಲ ಅಕ್ಕ. ಹೆಸರು ಬರೆಯುದಿಲ್ಲ."

"ಹೆಸರಿಲ್ಲದಿದ್ರೆ ಮತ್ತೂ ಕಷ್ಟ. ಯಾರ ಮಾಟ ಅಂತ ಬಿಡಿಸುದು ಹೇಗೆ?" ವಾರಿಜಾಕ್ಷಿ ತನ್ನ ಮಾತಿಗೆ ತಾನೇ ನಕ್ಕಳು. ಆದರೆ ಸೀರೆಯ ನೆರಿಗೆಯನ್ನು ಕೆಳಗೆಳೆದು ಕಾಲು ಮುಚ್ಚಿಕೊಂಡಳು.

ಉಳಿದ ಮನೆಗಳಲ್ಲೂ ಹಾಗೇ. ಒಬ್ಬಳಿಗೆ ಗಂಡನ ಹತ್ತಿರ ಕೇಳಬೇಕಿತ್ತು, ಒಬ್ಬಳ ಕಾಲು ಕೆಸರಾಗಿತ್ತು, ಇನ್ನೊಬ್ಬಳು ಗೇಟಿನ ಸದ್ದು ಕೇಳಿ ಹಿತ್ತಿಲಿಗೆ ಹೋದಳು. ದೇವಮ್ಮ ಇದನ್ನೆಲ್ಲ ಕೇಳಿ, "ಸಾಕು ಮಾಡು ಮಗಾ, ಊರಲ್ಲಿ ಹೆಸರು ಕೆಡ್ತದೆ" ಎಂದರು. ಸೇವಂತಿ ಇನ್ನಷ್ಟು ಚೀಲಗಳಿಂದ ಬಿಡಿಸಿದ ಕಂದು ಕಾಗದವನ್ನು ಒದ್ದೆ ಬಟ್ಟೆಯಲ್ಲಿ ಒರೆಸಿ, ಒಂದೊಂದು ಕಾಲಿಗೆ ಬೇಕಾದಷ್ಟು ಅಗಲಕ್ಕೆ ಕತ್ತರಿಸಿ, ಮಡಚಿಟ್ಟಳು. ಕಮಲ ಬಂದು ಬದಿಯಲ್ಲಿ ಕುಳಿತಳು.

"ಅಕ್ಕ, ಬಿಡು. ಮೈಸೂರಿನಲ್ಲಿ ಬರಿಗಾಲಲ್ಲೇ ಓಡ್ತೇನೆ. ಈ ಸಲ ಕೂತುಕೊಳ್ಳುದಿಲ್ಲ."

"ಮಾಸ್ಟ್ರು ಕರ್ಕೊಂಡು ಹೋಗುದಿಲ್ಲ ಅಂದಿದ್ದಾರೆ."

"ನಾನು ಕಾಲು ಹಿಡಿದು ಬೇಡ್ತೇನೆ."

"ನೀನು ಓಡು. ಬೇಡುದು ನನ್ನ ಕೆಲಸ" ಎಂದಳು ಸೇವಂತಿ.

ಶನಿವಾರ ಮಧ್ಯಾಹ್ನ ಬೀಡಿ ಕೊಡುವ ಹೊತ್ತು. ಬ್ರಾಂಚಿನ ಜಗಲಿ ತುಂಬಿತ್ತು. ವಾರಿಜಾಕ್ಷಿ ಮೂಲೆಯಲ್ಲಿದ್ದಳು. ರುಖಿಯಮ್ಮ ಎಲ್ಲರ ನಡುವೆ ಕಾಲು ಚಾಚಿ ಕುಳಿತು ವೀಳ್ಯ ಹಾಕುತ್ತಿದ್ದಳು. ಸುದ್ದಿ ಅಷ್ಟರಲ್ಲಿ ಎಲ್ಲರಿಗೂ ಮುಟ್ಟಿತ್ತು.

"ಓ ಬಂದ್ಲು ತೈವಾನಿನ ಚೆಕ್ಕರ್!" ಎಂದಳು ರುಖಿಯಮ್ಮ. "ಬೀಡಿ ಹಾಳಾದ್ರೆ ಕಾಸಿಂ ಕಾಕ ಚೆಕ್ ಮಾಡಿ ಬಿಸಾಡ್ತಾರೆ. ಕಾಲು ಹಾಳಾದ್ರೆ ನೀನು ಬಿಸಾಡ್ತಿಯಾ?"

ಎಲ್ಲರೂ ನಕ್ಕರು. ಸೇವಂತಿಗೂ ಬಾಯಂಚಿನಲ್ಲಿ ನಗು ಬಂತು. ಅವಳು ತನ್ನ ಕಟ್ಟುಗಳನ್ನು ಮೇಜಿನ ಮೇಲಿಟ್ಟಳು. ಕಾಸಿಂ ಗಡಿಯಾರ ನೋಡಿದ. ಬೊಂಬಾಯಿಗೆ ಹೊರಟವನು ಸಂಜೆಗೆ ಉಪ್ಪಿನಂಗಡಿ ಬಿಡುತ್ತಿದ್ದ. ಅವನ ಮನೆಗೆ ಕಾಗದ ತಲುಪಿಸುವ ಬಸ್ಸು ಇನ್ನೇನು ಬರುವುದಿತ್ತು.

"ನಾನು ಹೇಳ್ಲಾ?" ಎಂದ ಕಾಸಿಂ ಮೆಲ್ಲಗೆ. "ಕಾಲು ಕೊಡದವರ ಬೀಡಿ ಇವತ್ತು ತೆಗೊಳ್ಳುದಿಲ್ಲ ಅಂದ್ರೆ ಆಯ್ತು. ಸಾಲಾಗಿ ನಿಲ್ತಾರೆ."

ಅದು ಸುಲಭವಿತ್ತು. ಸೇವಂತಿ ಒಂದು ಗಳಿಗೆ ಅದನ್ನು ಯೋಚಿಸಿದಳು ಕೂಡ. ರುಖಿಯಮ್ಮ ತಲೆ ತಗ್ಗಿಸಿ ನಿಂತು, ವಾರಿಜಾಕ್ಷಿ ಹೆದರಿಕೊಂಡೇ ಕಾಲಿಡುವುದು ಕಣ್ಣ ಮುಂದೆ ಬಂತು.

"ಬೇಡ ಕಾಕ. ನೀವು ಸ್ವಲ್ಪ ಒಳಗೆ ಹೋಗಿ. ನಾನೇ ಕೇಳ್ತೇನೆ."

ಕಾಸಿಂ ಅವಳನ್ನೊಮ್ಮೆ ನೋಡಿ, ಮೇಜಿನ ಹಿಂದಿನ ಬಾಗಿಲಿನಿಂದ ಒಳಗೆ ಹೋಗಿ ಬಾಗಿಲು ಎಳೆದುಕೊಂಡ.

ಸೇವಂತಿ ಜಗಲಿಯ ನಡುವೆ ಒಂದು ಕಂದು ಕಾಗದ ಹಾಸಿದಳು. ಗಾಳಿಗೆ ಏಳದ ಹಾಗೆ ನಾಲ್ಕು ಮೂಲೆಗೂ ಸಣ್ಣ ಕಲ್ಲಿಟ್ಟಳು. ಅದರ ಎದುರು ಮೊಣಕಾಲೂರಿ ಕುಳಿತಳು. ಎಲ್ಲರ ಕಣ್ಣೂ ತನ್ನ ಮೇಲಿದೆಯೆಂದು ಗೊತ್ತಿದ್ದೂ ಅವಳು ತಲೆಯೆತ್ತಿದಳು.

"ನನ್ನ ತಂಗಿ ಸುಳ್ಯದಲ್ಲಿ ಅರ್ಧ ದಾರಿಗೆ ಕೂತಳು. ಕಾಲಿಗೆ ಶಕ್ತಿ ಇಲ್ಲದೆ ಅಲ್ಲ, ಆ ಕಾಲಿಗೆ ಹಿಡಿಸುವ ಶೂಸು ಎಲ್ಲಿಯೂ ಇಲ್ಲದೆ. ನಿಮ್ಮ ಕಾಲೂ ಅವಳದ್ದೇ ಹಾಗೆ ಉಂಟು, ನನ್ನದೂ ಹಾಗೇ. ಒಬ್ಬಳದ್ದೇ ಆದ್ರೆ ಕಂಪೆನಿಯವರು ಮಾಡುದಿಲ್ಲ. ಈ ಕಾಗದದಲ್ಲಿ ಅಕ್ಷರ ಇಲ್ಲ, ನಿಮ್ಮ ಹೆಸರೂ ಇರುದಿಲ್ಲ."

ರುಖಿಯಮ್ಮ ವೀಳ್ಯ ಜಗಿಯುವುದನ್ನು ನಿಲ್ಲಿಸಿದಳು. ವಾರಿಜಾಕ್ಷಿ ಕಾಗದವನ್ನು ನೋಡಿದಳು, ಆಮೇಲೆ ಹೊರಗಿನ ರಸ್ತೆಯನ್ನು ನೋಡಿದಳು. ದೂರದಲ್ಲಿ ಬಸ್ಸು ತಿರುವಿನಲ್ಲಿ ಹಾರನ್ ಹೊಡೆಯಿತು.

ಸೇವಂತಿ ಪೆನ್ಸಿಲು ಹಿಡಿದು, ಕಾಗದದ ಸುಕ್ಕನ್ನು ಅಂಗೈಯಿಂದ ಸರಿಮಾಡಿದಳು.

"ಯಾರಾದರೂ ಒಬ್ಬರು ಬಂದು ಇದರ ಮೇಲೆ ನಿಂತುಕೊಳ್ಳಿ."

ಯಾರೂ ಇನ್ನೂ ಎದ್ದಿರಲಿಲ್ಲ. ಅವಳು ಪೆನ್ಸಿಲು ಕೆಳಗಿಡಲಿಲ್ಲ.